ಇಲ್ಲದ ಚೆಂಡು, ಇರುವ ಭುಜ

ಭಾನುವಾರ ನಾನು ಕ್ಲಿನಿಕ್ ತೆರೆಯುವುದು ಒಂಬತ್ತಕ್ಕೆ. ಆ ದಿನ ಎಂಟಕ್ಕೇ ಬಾಗಿಲ ಮುಂದೆ ಆಟೋ ಬಂದು ನಿಂತಿತ್ತು. ಇಳಿದವರು ನಮ್ಮ ಬಡಾವಣೆಯ ಮೇಷ್ಟ್ರು. ವಯಸ್ಸು 61, ನಿವೃತ್ತರಾಗಿ ಒಂದು ವರ್ಷ. ಎಡಗೈಯನ್ನು ಟವೆಲಿನಲ್ಲಿ ಸುತ್ತಿ ಎದೆಗೆ ಅವುಚಿಕೊಂಡಿದ್ದರು. ಟವೆಲು ಬಿಚ್ಚಿ ನೋಡಿದರೆ ಮಣಿಕಟ್ಟು ಊದಿಕೊಂಡು, ಊಟದ ಫೋರ್ಕನ್ನು ಮಗುಚಿ ಇಟ್ಟ ಹಾಗೆ ಬಾಗಿತ್ತು. ವೈದ್ಯಕೀಯ ವಿದ್ಯಾರ್ಥಿಗಳು ಮರೆಯದ ಆಕಾರ ಅದು. ಮುಂದಕ್ಕೆ ಕೈಯೂರಿ ಬಿದ್ದವರಲ್ಲಿ ಕಾಣುವ ಕಾಲಿಸ್ ಮುರಿತ. ಎಕ್ಸ್‌ರೇ ಬರುವ ಮೊದಲೇ ಗೊತ್ತಾಗಿಬಿಡುತ್ತದೆ.

"ಏನಾಯ್ತು ಮೇಷ್ಟ್ರೇ?" ಎಂದೆ.

"ಬಚ್ಚಲಲ್ಲಿ ಜಾರಿದೆ ಡಾಕ್ಟ್ರೇ."

ಹಿಂದೆ ನಿಂತಿದ್ದ ಅವರ ಶ್ರೀಮತಿ ತಡೆಯಲಾರದೆ ಹೇಳಿಯೇಬಿಟ್ಟರು: "ಸುಳ್ಳು ಡಾಕ್ಟ್ರೇ. ಇವರು ಟೇಬಲ್ ಟೆನಿಸ್ ಆಡ್ತಾ ಬಿದ್ರು."

"ಎಲ್ಲಿ, ಕ್ಲಬ್ಬಿನಲ್ಲಾ?"

"ಇಲ್ಲ, ನಮ್ಮ ಮನೆ ಹಾಲ್‌ನಲ್ಲಿ."

"ಹಾಲ್‌ನಲ್ಲಿ ಟೇಬಲ್ ಹಾಕಿಸಿದ್ದೀರಾ?"

"ಟೇಬಲ್ ಎಲ್ಲಿದೆ? ಇಲ್ಲದೇ ಇರೋದಕ್ಕೇ ಬಿದ್ದಿದ್ದು!"

ವಿಷಯ ಇಷ್ಟು. ಅಮೆರಿಕದ ಡಲ್ಲಾಸ್‌ನಲ್ಲಿರುವ ಮಗ ಕಳೆದ ಸಲ ಊರಿಗೆ ಬಂದಾಗ ಅಪ್ಪನಿಗೆ ವರ್ಚುವಲ್ ರಿಯಾಲಿಟಿ ಹೆಡ್‌ಸೆಟ್ ಒಂದನ್ನು ತಂದುಕೊಟ್ಟಿದ್ದ. ಕಣ್ಣಿಗೆ ಕಟ್ಟಿಕೊಳ್ಳುವ ದಪ್ಪ ಕನ್ನಡಕದಂಥ ಸಾಧನ ಅದು. ಅದನ್ನು ಹಾಕಿಕೊಂಡರೆ ಮನೆಯ ಹಾಲ್ ಮಾಯವಾಗಿ ಎದುರಿಗೆ ಟೇಬಲ್ ಟೆನಿಸ್ ಮೇಜು, ನೆಟ್, ಆಚೆ ತುದಿಯಲ್ಲಿ ಎದುರಾಳಿ ಕಾಣುತ್ತಾರೆ. ಡಲ್ಲಾಸ್‌ನಲ್ಲಿ ಶನಿವಾರ ರಾತ್ರಿ ಎಂಟಾದಾಗ ನಮ್ಮಲ್ಲಿ ಭಾನುವಾರ ಬೆಳಿಗ್ಗೆ ಆರೂವರೆ. ಆ ಹೊತ್ತಿಗೆ ಅಪ್ಪ ಮಗ ಒಂದೇ ಮೇಜಿನ ಎರಡು ಬದಿಗೆ ನಿಲ್ಲುತ್ತಾರೆ. ಕಾಲೇಜು ದಿನಗಳಲ್ಲಿ ಚೆನ್ನಾಗಿ ಆಡುತ್ತಿದ್ದ ಮೇಷ್ಟ್ರು ಆ ದಿನ ನೆಟ್ ಪಕ್ಕದಲ್ಲೇ ಬಿದ್ದ ಚೆಂಡಿಗೆ ಮುಂದೆ ಬಾಗಿ, ಹಳೆಯ ಅಭ್ಯಾಸದಂತೆ ಎಡಗೈಯನ್ನು ಮೇಜಿಗೆ ಊರಿದರು. ಅಲ್ಲಿ ಮೇಜು ಇರಲಿಲ್ಲ.

ಮೂಳೆ ತಜ್ಞರ ಬಳಿ ಕಳಿಸಿದೆ. ಮೂಳೆ ಕೂಡಿಸಿ ಪ್ಲಾಸ್ಟರ್ ಹಾಕಿದರು. ಪ್ಲಾಸ್ಟರ್ ಕೈಯೊಂದಿಗೆ ಮರುವಾರ ಬಂದಾಗ ಆಕೆ ನನ್ನನ್ನು ನೇರವಾಗಿ ಕೇಳಿದ ಪ್ರಶ್ನೆಯೇ ಈ ವಾರದ ಅಂಕಣಕ್ಕೆ ಕಾರಣ. "ಆ ಡಬ್ಬಾನ ಬೀರುವಿಗೆ ಹಾಕಿ ಬೀಗ ಜಡೀಲಾ ಡಾಕ್ಟ್ರೇ? ನೀವು ಹೇಳಿದ್ರೆ ಕೇಳ್ತಾರೆ." ಮೇಷ್ಟ್ರು ಮಾತಾಡಲಿಲ್ಲ. ನೆಲ ನೋಡುತ್ತಿದ್ದರು. ವಾರಕ್ಕೊಮ್ಮೆ ಮಗನ ಜೊತೆ ಕಳೆಯುವ ಆ ಮುಕ್ಕಾಲು ಗಂಟೆಗೆ ಬೀಗ ಹಾಕಬೇಕೇ ಎಂಬುದು ಕೇಳಿದಷ್ಟು ಸುಲಭದ ಪ್ರಶ್ನೆಯಲ್ಲ. ಒಂದು ವಾರ ಸಮಯ ಕೇಳಿದೆ.

ಇದು ಎಂಥ ಆಟ?

ಪರದೆಯ ಮೇಲೆ ಬ್ಯಾಟು ಚೆಂಡು ಆಡಿಸುವುದು ಹೊಸದೇನಲ್ಲ. 1958ರಲ್ಲಿ ಅಮೆರಿಕದ ಬ್ರೂಕ್‌ಹೇವನ್ ಪ್ರಯೋಗಾಲಯದಲ್ಲಿ ವಿಲಿಯಂ ಹಿಗಿನ್‌ಬಾಥಮ್ ಎಂಬ ಭೌತವಿಜ್ಞಾನಿ, ನೋಡಲು ಬಂದ ಜನರ ಬೇಸರ ಕಳೆಯಲೆಂದು ಆಸಿಲೋಸ್ಕೋಪ್ ಮೇಲೆ ಟೆನಿಸ್ ಆಟ ಮಾಡಿ ತೋರಿಸಿದ್ದರು. 1972ರಲ್ಲಿ ಅಟಾರಿ ಕಂಪನಿಯ ಪಾಂಗ್ ಬಂತು. ಅವೆರಡರಲ್ಲೂ ದುಡಿಯುತ್ತಿದ್ದುದು ಬೆರಳುಗಳು ಮಾತ್ರ. 2006ರ ಕೊನೆಯಲ್ಲಿ ನಿಂಟೆಂಡೋ ಕಂಪನಿಯ ವೀ ಬಂದಾಗ ಜನ ಟಿವಿಯ ಮುಂದೆ ಎದ್ದು ನಿಂತು, ಕೈಯಲ್ಲಿ ರಿಮೋಟಿನಂಥ ಹಿಡಿಕೆ ಹಿಡಿದು, ತೋಳು ಬೀಸಿ ಟೆನಿಸ್ ಆಡಿದರು.

ಈಗಿನದು ಅದರ ಮುಂದಿನ ಹೆಜ್ಜೆ. ಹೆಡ್‌ಸೆಟ್‌ನ ಹೊರಮೈಯಲ್ಲಿರುವ ಪುಟ್ಟ ಕ್ಯಾಮೆರಾಗಳು ನಿಮ್ಮ ತಲೆ ಮತ್ತು ಕೈ ಎಲ್ಲಿವೆ, ಎಷ್ಟು ವೇಗದಲ್ಲಿ, ಯಾವ ಕೋನದಲ್ಲಿ ಚಲಿಸುತ್ತಿವೆ ಎಂಬುದನ್ನು ಕ್ಷಣ ಕ್ಷಣವೂ ಲೆಕ್ಕ ಹಾಕುತ್ತವೆ. ಬ್ಯಾಟಿಗೆ ಚೆಂಡು ತಾಗಿದಾಗ ಅಂಗೈಯಲ್ಲಿರುವ ಹಿಡಿಕೆ ಸಣ್ಣಗೆ ಕಂಪಿಸುತ್ತದೆ, ಕಿವಿಗೆ ಟಕ್ ಎಂಬ ಸದ್ದು ಕೇಳುತ್ತದೆ. ಇಷ್ಟು ಸಾಕು, ಮೆದುಳು ನಂಬಿಬಿಡುತ್ತದೆ. ಇಲೆವೆನ್ ಟೇಬಲ್ ಟೆನಿಸ್ ಎಂಬ ಆಟದಲ್ಲಿ ಚೆಂಡಿನ ಸ್ಪಿನ್ ಕೂಡ ನಿಜವಾದ ಚೆಂಡಿನಂತೆಯೇ ತಿರುಗುತ್ತದೆ. ರ್‍ಯಾಕೆಟ್ ಎನ್‌ಎಕ್ಸ್ ಎಂಬುದರಲ್ಲಿ ಗಾಜಿನ ಗುಮ್ಮಟದೊಳಗೆ ನಿಂತು ಸುತ್ತ ನಾಲ್ಕು ದಿಕ್ಕಿಗೂ ತಿರುಗುತ್ತ ಚೆಂಡು ಹೊಡೆಯಬೇಕು. ಸ್ವೀಡನ್ನಿನ ಕಂಪನಿಯೊಂದು 2023ರ ಡಿಸೆಂಬರಿನಲ್ಲಿ ತಂದ ರ್‍ಯಾಕೆಟ್ ಕ್ಲಬ್ ಎಂಬುದು ಟೆನಿಸ್ಸಿಗೆ ಹತ್ತಿರದ ಆಟ.

ನಮ್ಮೂರಿಗೂ ಇದಕ್ಕೂ ಏನು ಸಂಬಂಧ ಎನ್ನಬೇಡಿ. ರ್‍ಯಾಕೆಟ್ ಹಿಡಿಯಲು ಕೈ ತುಡಿದರೂ ಜಾಗ ಸಿಗದಿರುವುದು ನಮ್ಮಲ್ಲಿ ಹಳೆಯ ಕಥೆ. 1980ರಲ್ಲಿ ಆಲ್ ಇಂಗ್ಲೆಂಡ್ ಗೆದ್ದ ಪ್ರಕಾಶ್ ಪಡುಕೋಣೆ ಅವರೇ ಹುಡುಗನಾಗಿದ್ದಾಗ ಶಟ್ಲ್ ಆಡಿ ಕಲಿತದ್ದು ಮಲ್ಲೇಶ್ವರದ ಕೆನರಾ ಯೂನಿಯನ್ನಿನ ಮದುವೆ ಹಾಲ್‌ನಲ್ಲಿ. ಮದುವೆ ಇದ್ದ ದಿನ ಆಟವಿಲ್ಲ! ಈಗ ಕೋರ್ಟುಗಳು ಹೆಚ್ಚಾಗಿವೆ ನಿಜ. ಆದರೆ ಸಂಜೆ ಏಳಕ್ಕೆ ಮಗುವನ್ನು ಬಿಟ್ಟು ಹೊರಡಲಾಗದ ತಾಯಿಗೆ, ರಾತ್ರಿ ಪಾಳಿ ಮುಗಿಸಿ ಬರುವ ಹುಡುಗನಿಗೆ, ತನ್ನ ಮೈ ನೋಡಿ ಜನ ನಗುತ್ತಾರೆ ಎಂದು ಜಿಮ್ಮಿನ ಮೆಟ್ಟಿಲು ಹತ್ತದವರಿಗೆ ಕೋರ್ಟು ಇದ್ದೂ ಇಲ್ಲದಂತೆಯೇ.

ಬೆವರು ನಿಜವಾದದ್ದೇ?

ಔಷಧಿ ಬರೆಯುವ ಮೊದಲು ರುಚಿ ನೋಡಬೇಕಲ್ಲ. ಮೇಷ್ಟ್ರ ಪ್ಲಾಸ್ಟರ್ ಇನ್ನೂ ಇರುವಾಗಲೇ ಒಂದು ಸಂಜೆ ಅವರ ಮನೆಗೆ ಹೋಗಿ ಆ ಹೆಡ್‌ಸೆಟ್ ನಾನೇ ಹಾಕಿಕೊಂಡೆ. ಯಂತ್ರವೇ ಎದುರಾಳಿ. ಮೊದಲ ಗೇಮ್ 11-3ರಲ್ಲಿ ಸೋತೆ, ಎರಡನೆಯದು 11-5. ಛಲ ಹುಟ್ಟಿತು. ಹತ್ತು ನಿಮಿಷ ಆಡಿರಬಹುದು ಎಂದುಕೊಂಡು ತೆಗೆದರೆ ಗಡಿಯಾರದಲ್ಲಿ ಇಪ್ಪತ್ತೈದು ನಿಮಿಷ ಸರಿದಿತ್ತು. ಅಂಗಿ ಬೆನ್ನಿಗೆ ಅಂಟಿತ್ತು. ನಾಡಿ ಹಿಡಿದು ಎಣಿಸಿದೆ: ನಿಮಿಷಕ್ಕೆ 124. ನಾಲ್ಕು ಮಹಡಿ ಮೆಟ್ಟಿಲು ಹತ್ತಿದಾಗ ನನಗೆ ಬರುವ ಲೆಕ್ಕ ಅದು. ಬೆವರಂತೂ ಮಿಥ್ಯೆಯಲ್ಲ.

ವ್ಯಾಯಾಮದ ತೀವ್ರತೆ ಅಳೆಯಲು ಒಂದು ಮಾನವಿದೆ. ಸುಮ್ಮನೆ ಕುಳಿತಾಗ ದೇಹ ಖರ್ಚು ಮಾಡುವ ಶಕ್ತಿಯನ್ನು ಒಂದು ಮೆಟ್ ಎನ್ನುತ್ತಾರೆ. ಅದರ ಮೂರರಿಂದ ಆರು ಪಟ್ಟಿನೊಳಗಿನ ಕೆಲಸ ಮಧ್ಯಮ ವ್ಯಾಯಾಮ. ನಿಜವಾದ ಟೇಬಲ್ ಟೆನಿಸ್ ಸುಮಾರು ನಾಲ್ಕು ಮೆಟ್, ಗೆಳೆಯರೊಡನೆ ಆಡುವ ಶಟ್ಲ್ ಐದೂವರೆ, ಟೆನಿಸ್ ಏಳರ ಮೇಲೆ. ಹೆಡ್‌ಸೆಟ್ ಆಟ ಇದರಲ್ಲಿ ಎಲ್ಲಿ ನಿಲ್ಲುತ್ತದೆ ಎಂಬುದು ನೀವು ಹೇಗೆ ಆಡುತ್ತೀರಿ ಎಂಬುದರ ಮೇಲಿದೆ. ಕಾಲು ನೆಟ್ಟು ನಿಂತು ಮಣಿಕಟ್ಟು ಮಾತ್ರ ಆಡಿಸಿದರೆ ಅದು ತರಕಾರಿ ಹೆಚ್ಚಿದಷ್ಟೇ ವ್ಯಾಯಾಮ. ಮಂಡಿ ಬಾಗಿಸಿ, ಪಕ್ಕಕ್ಕೆ ಹೆಜ್ಜೆ ಇಟ್ಟು, ಸೊಂಟ ತಿರುಗಿಸಿ ಆಡಿದರೆ ಮಧ್ಯಮ ವ್ಯಾಯಾಮವಾಗುತ್ತದೆ. ಯಂತ್ರ ತೋರಿಸುವ ಕ್ಯಾಲೊರಿ ಲೆಕ್ಕವನ್ನು ನಂಬಿ ಹೋಳಿಗೆ ತಿನ್ನಬೇಡಿ. ಪರೀಕ್ಷೆ ಸರಳ: ಆಡುತ್ತಿರುವಾಗ ಮಾತಾಡಲು ಆಗಬೇಕು, ಹಾಡಲು ಆಗಬಾರದು. ಹಾಡಲೂ ಆಗುತ್ತಿದ್ದರೆ ಇನ್ನೂ ಸ್ವಲ್ಪ ಮೈ ಬಗ್ಗಿಸಿ. ಮಾತೇ ಹೊರಡುತ್ತಿಲ್ಲವೆಂದರೆ ನಿಲ್ಲಿಸಿ ಕುಳಿತುಕೊಳ್ಳಿ.

ವಿಶ್ವ ಆರೋಗ್ಯ ಸಂಸ್ಥೆ 2020ರಲ್ಲಿ ಹೇಳಿದ ಪ್ರಕಾರ ವಯಸ್ಕರಿಗೆ ವಾರಕ್ಕೆ 150ರಿಂದ 300 ನಿಮಿಷ ಮಧ್ಯಮ ವ್ಯಾಯಾಮ ಬೇಕು. ಜೊತೆಗೆ ವಾರದಲ್ಲಿ ಎರಡು ದಿನವಾದರೂ ಸ್ನಾಯುಗಳಿಗೆ ಬಲ ಕೊಡುವ ಕೆಲಸ ಬೇಕು. ಮೊದಲನೆಯದರಲ್ಲಿ ಈ ಆಟದ ನಿಮಿಷಗಳನ್ನು ಧಾರಾಳವಾಗಿ ಸೇರಿಸಿಕೊಳ್ಳಿ. ಎರಡನೆಯದಕ್ಕೆ ಇದು ಸಾಲದು. ಕೈಯಲ್ಲಿರುವ ಹಿಡಿಕೆಗೆ ತೂಕವೇ ಇಲ್ಲ, ಅದರಿಂದ ತೊಡೆಗೆ, ಬೆನ್ನಿಗೆ ಯಾವ ಬಲವೂ ಬರುವುದಿಲ್ಲ. ಮೂಳೆ ಗಟ್ಟಿಯಾಗಲು ದೇಹದ ಭಾರ ಹೊತ್ತು ನಡೆಯಬೇಕು, ಹತ್ತಬೇಕು, ಇಳಿಯಬೇಕು.

ಇಲ್ಲಿ ಒಂದು ಎಚ್ಚರಿಕೆ. ರ್‍ಯಾಕೆಟ್ ಆಟಗಳು ಆಯುಷ್ಯ ಹೆಚ್ಚಿಸುತ್ತವೆ ಎಂಬ ಮಾತನ್ನು ನೀವು ಓದಿರಬಹುದು. ಅದು ಗಾಳಿಮಾತಲ್ಲ. ಇಂಗ್ಲೆಂಡ್ ಮತ್ತು ಸ್ಕಾಟ್ಲೆಂಡಿನ 80,306 ವಯಸ್ಕರನ್ನು ವರ್ಷಗಟ್ಟಲೆ ಹಿಂಬಾಲಿಸಿದ ಅಧ್ಯಯನದಲ್ಲಿ ರ್‍ಯಾಕೆಟ್ ಆಡುವವರಲ್ಲಿ ಸಾವಿನ ಪ್ರಮಾಣ ಶೇಕಡ 47ರಷ್ಟು ಕಡಿಮೆ ಇತ್ತು. ಡೆನ್ಮಾರ್ಕಿನ ಕೋಪನ್‌ಹೇಗನ್ ಹೃದಯ ಅಧ್ಯಯನದವರು 2018ರಲ್ಲಿ ಪ್ರಕಟಿಸಿದ ಲೆಕ್ಕದಲ್ಲಿ, ಮೈ ಆಡಿಸದೆ ಕುಳಿತವರಿಗಿಂತ ಟೆನಿಸ್ ಆಡುವವರು 9.7 ವರ್ಷ, ಬ್ಯಾಡ್ಮಿಂಟನ್ ಆಡುವವರು 6.2 ವರ್ಷ ಹೆಚ್ಚು ಬಾಳುವ ನಿರೀಕ್ಷೆ ಕಂಡಿತು. ಜಾಗಿಂಗ್ ಮಾಡುವವರಿಗೆ 3.2 ವರ್ಷ, ಹೆಲ್ತ್ ಕ್ಲಬ್ಬಿಗೆ ಹೋಗುವವರಿಗೆ ಕೇವಲ ಒಂದೂವರೆ ವರ್ಷ. ಆದರೆ ಅವರೆಲ್ಲ ಆಡಿದ್ದು ನಿಜವಾದ ಕೋರ್ಟಿನಲ್ಲಿ, ನಿಜವಾದ ಜನರ ಜೊತೆ. ಕೋರ್ಟು ಇರುವ, ಬಿಡುವು ಇರುವ, ಅನುಕೂಲಸ್ಥರ ಬದುಕಿನ ಇತರ ಲಾಭಗಳೂ ಅದರಲ್ಲಿ ಬೆರೆತಿರಬಹುದು. ಆ ಅಂಕಿಗಳನ್ನು ಕಿತ್ತು ತಂದು ಹೆಡ್‌ಸೆಟ್‌ಗೆ ಅಂಟಿಸುವುದು ತಪ್ಪು. ಒಂದು ಮಾತು ಮಾತ್ರ ನನಗೆ ಕುತೂಹಲದ್ದು. ಜೊತೆಗಾರರು ಬೇಕಾಗುವ ಆಟಗಳೇ ಪಟ್ಟಿಯ ಮೇಲ್ಭಾಗದಲ್ಲಿದ್ದುದರಿಂದ, ಆಟದ ನಡುವಿನ ಒಡನಾಟಕ್ಕೂ ಇದರಲ್ಲಿ ಪಾಲಿರಬಹುದು ಎಂದು ಆ ಡೆನ್ಮಾರ್ಕ್ ಅಧ್ಯಯನದವರು ಊಹಿಸಿದರು. ಭಾನುವಾರದ ಬೆಳಿಗ್ಗೆ ಮೇಷ್ಟ್ರ ಮನೆಯ ಹಾಲ್‌ನಲ್ಲಿ ನಡೆಯುವುದರಲ್ಲಿ ಆ ಅಂಶ ಇಲ್ಲವೆಂದು ನಾನು ಹೇಳಲಾರೆ.

ಮರುದಿನ ಬೆಳಿಗ್ಗೆಯ ಭುಜ

ನನ್ನ ಕಥೆ ಅಲ್ಲಿಗೆ ಮುಗಿಯಲಿಲ್ಲ. ಮರುದಿನ ತಲೆ ಬಾಚಲು ಬಲಗೈ ಎತ್ತಿದರೆ ಭುಜದ ಹಿಂದೆ ಚಳಕು. ಕ್ಲಿನಿಕ್ಕಿನಲ್ಲಿ ಎಕ್ಸ್‌ರೇ ಫಿಲ್ಮನ್ನು ಬೆಳಕಿಗೆ ಹಿಡಿಯಲು ಎಡಗೈ ಬಳಸಬೇಕಾಯಿತು. ಕಾಂಪೌಂಡರ್ ನಕ್ಕ.

ನನಗಿಂತ ಮೊದಲೇ ಈ ನೋವು ವೈದ್ಯಕೀಯ ಸಾಹಿತ್ಯ ಸೇರಿತ್ತು. 2007ರಲ್ಲಿ ನ್ಯೂ ಇಂಗ್ಲೆಂಡ್ ಜರ್ನಲ್ ಆಫ್ ಮೆಡಿಸಿನ್ ಪತ್ರಿಕೆಗೆ ಸ್ಪೇನಿನ ವೈದ್ಯರೊಬ್ಬರು ಒಂದು ಪತ್ರ ಬರೆದರು. 29 ವರ್ಷದ ಆರೋಗ್ಯವಂತ ಕಿರಿಯ ವೈದ್ಯ ಭಾನುವಾರ ಬೆಳಿಗ್ಗೆ ಏಳುವಾಗ ಬಲ ಭುಜದಲ್ಲಿ ತೀವ್ರ ನೋವು. ಬಿದ್ದಿಲ್ಲ, ಪೆಟ್ಟು ತಿಂದಿಲ್ಲ, ಇತ್ತೀಚೆಗೆ ಯಾವ ಆಟವನ್ನೂ ಆಡಿಲ್ಲ. ಕೆದಕಿ ಕೇಳಿದಾಗ ಹೊರಬಂದದ್ದು: ಹೊಸದಾಗಿ ಕೊಂಡ ವೀ ಯಂತ್ರದಲ್ಲಿ ಗಂಟೆಗಟ್ಟಲೆ ಟೆನಿಸ್ ಆಡಿದ್ದ. ಭುಜದ ಹಲಗೆಮೂಳೆಯ ಹಿಂದೆ ಇರುವ ಇನ್‌ಫ್ರಾಸ್ಪೈನೇಟಸ್ ಎಂಬ ಸ್ನಾಯುವಿನ ರಜ್ಜು ಊದಿಕೊಂಡಿತ್ತು. ಚಿಕಿತ್ಸೆ: ಒಂದು ವಾರ ಐಬುಪ್ರೊಫೆನ್, ಮತ್ತು ಆಟಕ್ಕೆ ಪೂರ್ಣ ವಿರಾಮ. ರೋಗಕ್ಕೆ ಅವರಿಟ್ಟ ಹೆಸರು ವೀಐಟಿಸ್. ಇದೇ ಪತ್ರಿಕೆಯಲ್ಲಿ 1990ರಲ್ಲೇ, ಐದು ಗಂಟೆ ಬಿಡದೆ ವಿಡಿಯೊ ಆಟ ಆಡಿ ಹೆಬ್ಬೆರಳು ನೋಯಿಸಿಕೊಂಡ ಮಹಿಳೆಯೊಬ್ಬರ ವರದಿ ಬಂದಿತ್ತು. ಯಂತ್ರ ಬದಲಾದಂತೆ ನೋವು ಹೆಬ್ಬೆರಳಿನಿಂದ ಭುಜಕ್ಕೆ ಏರಿದೆ ಅಷ್ಟೆ.

ಭಾರವೇ ಇಲ್ಲದ ಬ್ಯಾಟು ಬೀಸಿದರೆ ಭುಜ ಏಕೆ ನೋಯಬೇಕು? ಚೆಂಡು ತಡೆಯುವುದಿಲ್ಲ, ಆದ್ದರಿಂದ ತೋಳು ಹೆಚ್ಚು ಬೀಸಿಹೋಗುತ್ತದೆ ಎಂದು ಕೆಲವರು ಹೇಳುತ್ತಾರೆ. ನನಗೆ ಅದು ಪೂರ್ತಿ ಒಪ್ಪಿಗೆಯಿಲ್ಲ. ನಿಜವಾದ ಟೇಬಲ್ ಟೆನಿಸ್ ಚೆಂಡಿನ ತೂಕ 2.7 ಗ್ರಾಂ. ಅದೇನು ತೋಳನ್ನು ತಡೆದೀತು? ಎಲ್ಲಿ ಆಡಿದರೂ ಬೀಸಿದ ತೋಳಿಗೆ ಬ್ರೇಕ್ ಹಾಕುವುದು ಭುಜದ ಹಿಂದಿನ ಈ ಚಿಕ್ಕ ಸ್ನಾಯುಗಳೇ. ವ್ಯತ್ಯಾಸ ಇರುವುದು ಬಿಡುವಿನಲ್ಲಿ. ನಿಜವಾದ ಆಟದಲ್ಲಿ ಚೆಂಡು ಸೋಫಾದ ಕೆಳಗೆ ಹೋಗುತ್ತದೆ, ಹುಡುಕಬೇಕು. ಕೋರ್ಟಿನಲ್ಲಿ ನಿಮ್ಮ ಸರದಿಗೆ ಕಾಯಬೇಕು, ಜೊತೆಗಾರ ನೀರು ಕುಡಿಯಬೇಕು, ಒಂದಿಷ್ಟು ಹರಟೆ ಆಗಬೇಕು. ಭುಜಕ್ಕೆ ಅದೇ ವಿಶ್ರಾಂತಿ. ಚೆಂಡು ಹೆಕ್ಕಲು ನೂರು ಸಲ ಬಗ್ಗುವುದೇ ಬೆನ್ನು ತೊಡೆಗಳಿಗೆ ಅರ್ಧ ವ್ಯಾಯಾಮ. ಹೆಡ್‌ಸೆಟ್‌ನೊಳಗೆ ಚೆಂಡು ಕಳೆದುಹೋಗುವುದೇ ಇಲ್ಲ. ಗುಂಡಿ ಒತ್ತಿದರೆ ಹೊಸದು ಅಂಗೈಯಲ್ಲಿ. ಇಪ್ಪತ್ತು ವರ್ಷ ತೋಳು ಬೀಸದ ಮನುಷ್ಯ ಒಂದೇ ಸಂಜೆಯಲ್ಲಿ ಐನೂರು ಸಲ ಬೀಸುತ್ತಾನೆ.

ಆದ್ದರಿಂದ ಇದನ್ನು ಟಿವಿ ನೋಡಿದಂತೆ ಶುರು ಮಾಡಬೇಡಿ, ಕೋರ್ಟಿಗೆ ಇಳಿದಂತೆ ಶುರು ಮಾಡಿ. ಮೊದಲು ಐದು ನಿಮಿಷ ನಡೆದಾಡಿ, ಭುಜಗಳನ್ನು ಎರಡೂ ಕಡೆಗೆ ತಿರುಗಿಸಿ, ತೋಳುಗಳನ್ನು ನಿಧಾನವಾಗಿ ತಲೆಯ ಮೇಲೆ ಎತ್ತಿ ಇಳಿಸಿ. ಮೊದಲ ವಾರ ದಿನ ಬಿಟ್ಟು ದಿನ, ಹತ್ತೇ ನಿಮಿಷ. ಆಮೇಲೆ ವಾರಕ್ಕೆ ಐದೈದು ನಿಮಿಷ ಏರಿಸಿ. ಒಂದು ಸಲಕ್ಕೆ ಅರ್ಧ ಗಂಟೆ ಸಾಕು. ಅಲಾರಂ ಇಟ್ಟುಕೊಳ್ಳಿ, ಏಕೆಂದರೆ ಒಳಗೆ ಹೊತ್ತು ಹೋದದ್ದು ತಿಳಿಯುವುದಿಲ್ಲ, ನನಗೇ ತಿಳಿಯಲಿಲ್ಲ. ಪ್ರತಿ ಗೇಮಿನ ನಂತರ ಚೆಂಡು ಹುಡುಕುವಷ್ಟು ಹೊತ್ತು ಸುಮ್ಮನೆ ನಿಲ್ಲಿ. ಹಿಡಿಕೆ ಕೈ ಜಾರೀತೆಂದು ಬಿಗಿಯಾಗಿ ಹಿಡಿದರೆ ಮೊಣಕೈ ನೋಯುತ್ತದೆ. ಅದರ ಪಟ್ಟಿಯನ್ನು ಮಣಿಕಟ್ಟಿಗೆ ಸಿಕ್ಕಿಸಿಕೊಂಡು ಹಿಡಿತ ಸಡಿಲ ಬಿಡಿ. ಒಂದೆರಡು ದಿನದ ಮೈಕೈ ನೋವು ಸಹಜ. ರಾತ್ರಿ ಆ ಮಗ್ಗುಲಾಗಿ ಮಲಗಲು ಆಗದಿದ್ದರೆ, ವಾರ ಕಳೆದರೂ ಕೈ ಮೇಲೇಳದಿದ್ದರೆ ವೈದ್ಯರಿಗೆ ತೋರಿಸಿ. ಸಕ್ಕರೆ ಕಾಯಿಲೆಯವರಲ್ಲಿ ಭುಜ ಬಿಗಿದುಕೊಳ್ಳುವ ತೊಂದರೆ ಹೆಚ್ಚು.

ಕಣ್ಣು, ಕಿವಿ ಮತ್ತು ತಲೆಸುತ್ತು

ಹೆಡ್‌ಸೆಟ್‌ನ ಪರದೆ ಕಣ್ಣಿಗೆ ತೀರ ಹತ್ತಿರವಿದ್ದರೂ ಅದರ ಮಸೂರಗಳು ದೃಶ್ಯವನ್ನು ಒಂದೆರಡು ಮೀಟರ್ ದೂರದಲ್ಲಿ ಇಟ್ಟಂತೆ ತೋರಿಸುತ್ತವೆ. ಆದ್ದರಿಂದ ಓದುವ ಕನ್ನಡಕ ಬೇಡ, ದೂರ ನೋಡುವ ಕನ್ನಡಕ ಹಾಕಿಕೊಳ್ಳಿ. ತೊಂದರೆ ಎಲ್ಲಿ ಬರುತ್ತದೆಂದರೆ, ಚೆಂಡು ಮುಖದ ಹತ್ತಿರ ಬಂದಾಗ ಎರಡೂ ಕಣ್ಣು ಮೂಗಿನ ಕಡೆಗೆ ತಿರುಗುತ್ತವೆ, ಆದರೆ ಕಣ್ಣಿನ ಮಸೂರ ದೂರಕ್ಕೇ ಹೊಂದಿಕೊಂಡಿರಬೇಕಾಗುತ್ತದೆ. ಹುಟ್ಟಿದಂದಿನಿಂದ ಜೊತೆಯಾಗಿ ದುಡಿದ ಎರಡು ಕೆಲಸಗಳು ಬೇರೆ ಬೇರೆಯಾಗುತ್ತವೆ. ಹಣೆ ಭಾರ, ಕಣ್ಣುರಿ ಇದರಿಂದಲೇ. ಎರಡು ಕಣ್ಣುಗಳ ನಡುವಿನ ಅಂತರಕ್ಕೆ ಮಸೂರಗಳನ್ನು ಹೊಂದಿಸುವ ಏರ್ಪಾಡು ಯಂತ್ರದಲ್ಲಿರುತ್ತದೆ. ಮನೆಯಲ್ಲಿ ಒಬ್ಬರಿಂದ ಒಬ್ಬರಿಗೆ ಹೋದಾಗಲೆಲ್ಲ ಅದನ್ನು ಹೊಂದಿಸಬೇಕು.

ಇನ್ನು ತಲೆಸುತ್ತು. ನಮ್ಮ ಸಮತೋಲನವನ್ನು ಒಳಕಿವಿ ಕಾಯುತ್ತದೆ. ಕಣ್ಣು "ಓಡುತ್ತಿದ್ದೇನೆ" ಎಂದು, ಕಿವಿ "ನಿಂತಿದ್ದೇನೆ" ಎಂದು ಹೇಳಿದರೆ ಮೆದುಳು ತಬ್ಬಿಬ್ಬಾಗಿ ವಾಕರಿಕೆ ಬರುತ್ತದೆ. ಘಾಟಿ ರಸ್ತೆಯ ಬಸ್ಸಿನಲ್ಲಿ ಪುಸ್ತಕ ಓದಿದವರಿಗೆ ಇದರ ಅನುಭವ ಇರುತ್ತದೆ. ಕಾರು, ವಿಮಾನ ಓಡಿಸುವ ಆಟಗಳಲ್ಲಿ ಇದು ಹೆಚ್ಚು. ಟೇಬಲ್ ಟೆನಿಸ್‌ನಂಥ ಆಟದಲ್ಲಿ ಕಣ್ಣು ಕಂಡಷ್ಟೇ ದೇಹವೂ ಚಲಿಸುವುದರಿಂದ ಕಡಿಮೆ. ಆದರೂ ಮೊದಲ ದಿನ ಬಾಯಲ್ಲಿ ನೀರೂರಿ ಹೊಟ್ಟೆ ತೊಳಸಿದಂತಾದರೆ "ಅಭ್ಯಾಸವಾಗುತ್ತೆ" ಎಂದು ಮುಂದುವರಿಸಬೇಡಿ. ಅಲ್ಲೇ ತೆಗೆದಿಡಿ. ತೆಗೆದ ಕೂಡಲೇ ಸ್ಕೂಟರ್ ಹತ್ತಬೇಡಿ. ತಲೆಸುತ್ತಿನ ಕಾಯಿಲೆ ಇರುವವರಿಗೆ ಈ ಆಟ ನಾನು ಹೇಳುವುದಿಲ್ಲ. ಮಿಣುಕು ಬೆಳಕಿನಿಂದ ಫಿಟ್ಸ್ ಬಂದವರಂತೂ ಇದರ ಹತ್ತಿರ ಸುಳಿಯಬಾರದು.

ಸಾಧನದ ತೂಕವೂ ಅರ್ಧ ಕಿಲೋ. ಕ್ವೆಸ್ಟ್ 3 ಎಂಬ ಮಾದರಿ 515 ಗ್ರಾಂ ಇದೆ. ಅಷ್ಟೂ ಭಾರ ಮುಖದ ಮುಂದೆಯೇ ತೂಗುವುದರಿಂದ ಕತ್ತಿನ ಹಿಂಭಾಗದ ಸ್ನಾಯುಗಳು ಅದನ್ನು ಎಳೆದು ಹಿಡಿದಿರಬೇಕು. ಕತ್ತಿನ ಸ್ಪಾಂಡಿಲೋಸಿಸ್ ಇರುವವರು ಹತ್ತು ನಿಮಿಷಕ್ಕೇ ಸಾಕು ಮಾಡಿ. ಮನೆಯಲ್ಲಿ ಯಾರಿಗಾದರೂ ಮದ್ರಾಸ್ ಐ ಬಂದಿದ್ದರೆ ಹೆಡ್‌ಸೆಟ್ ಹಂಚಿಕೊಳ್ಳಲೇಬೇಡಿ. ಬೆವರು ಕುಡಿದ ಆ ಸ್ಪಂಜು ಎಲ್ಲರ ಕಣ್ಣಿಗೂ ಒರಗುತ್ತದೆ. ಮಕ್ಕಳ ವಿಷಯ ಕೇಳುವವರಿಗೆ: ಈ ಯಂತ್ರ ಮಾಡುವ ಮೆಟಾ ಕಂಪನಿಯವರೇ 13 ವರ್ಷ ಎಂದು ಮಿತಿ ಇಟ್ಟಿದ್ದರು. 2023ರಲ್ಲಿ ಅದನ್ನು ತಂದೆತಾಯಿಯ ಉಸ್ತುವಾರಿಯಲ್ಲಿ 10ಕ್ಕೆ ಇಳಿಸಿದರು. ನನ್ನನ್ನು ಕೇಳಿದರೆ ಹತ್ತರ ಹುಡುಗನಿಗೆ ಬೀದಿಯಲ್ಲಿ ಆಡಲು ಎರಡು ಶಟ್ಲ್ ಬ್ಯಾಟು ಕೊಡಿಸಿ.

ಬೆವರು ಆಟದ್ದೋ, ಸಕ್ಕರೆ ಇಳಿದದ್ದೋ?

ಮೇಷ್ಟ್ರ ವಿಷಯದಲ್ಲಿ ಮೂಳೆಗಿಂತ ನನ್ನನ್ನು ಹೆಚ್ಚು ಹೆದರಿಸಿದ್ದು ಇನ್ನೊಂದು. ಅವರಿಗೆ ಒಂಬತ್ತು ವರ್ಷದಿಂದ ಸಕ್ಕರೆ ಕಾಯಿಲೆ. ಬೆಳಿಗ್ಗೆ ತಿಂಡಿಗೆ ಮುಂಚೆ ಗ್ಲಿಮೆಪಿರೈಡ್ ಮಾತ್ರೆ ನುಂಗುತ್ತಾರೆ. ಭಾನುವಾರ ಆರೂವರೆಗೆ ಆಟ, ತಿಂಡಿ ಎಂಟಕ್ಕೆ. ಅಂದರೆ ಮಾತ್ರೆ ಹೊಟ್ಟೆಗೆ ಹೋಗಿದೆ, ಆಹಾರ ಹೋಗಿಲ್ಲ, ಮೇಲೆ ಮುಕ್ಕಾಲು ಗಂಟೆ ವ್ಯಾಯಾಮ. ರಕ್ತದ ಸಕ್ಕರೆ ಕುಸಿಯಲು ಇದಕ್ಕಿಂತ ಒಳ್ಳೆಯ ಏರ್ಪಾಡು ಬೇಕಿಲ್ಲ. ಸಕ್ಕರೆ ಇಳಿದಾಗ ಬೆವರುತ್ತದೆ, ಕೈ ನಡುಗುತ್ತದೆ, ಎದೆ ಹೊಡೆದುಕೊಳ್ಳುತ್ತದೆ. ಬಿರುಸಾಗಿ ಆಡಿದಾಗಲೂ ಇದೇ ಆಗುತ್ತದೆ! ನಿಜವಾದ ಕೋರ್ಟಿನಲ್ಲಾದರೆ ಎದುರು ನಿಂತವನು ನಿಮ್ಮ ಬಿಳಿಚಿದ ಮುಖ ನೋಡಿ "ಯಾಕ್ರೀ, ಕೂತ್ಕೊಳ್ರಿ" ಎನ್ನುತ್ತಾನೆ. ಇಲ್ಲಿ ಅರ್ಧ ಮುಖವನ್ನು ಯಂತ್ರ ಮುಚ್ಚಿದೆ, ಎದುರಾಳಿ ಸಾವಿರಾರು ಮೈಲಿ ಆಚೆ ಇದ್ದಾನೆ. ಅವನಿಗೆ ಕಾಣುವುದು ಚಿತ್ರದ ಅಪ್ಪ. ಚಿತ್ರ ಬೆವರುವುದಿಲ್ಲ.

ಸಕ್ಕರೆ ಕಾಯಿಲೆಗೆ ಮಾತ್ರೆ ಅಥವಾ ಇನ್ಸುಲಿನ್ ತೆಗೆದುಕೊಳ್ಳುವವರು ತಿಂಡಿ ತಿಂದು ಒಂದು ಗಂಟೆಯ ನಂತರ ಆಡಿ. ಹತ್ತಿರದಲ್ಲೇ ಮೂರು ಚಮಚ ಸಕ್ಕರೆ ಕದಡಿದ ನೀರು ಇರಲಿ. ಅನುಮಾನ ಬಂದರೆ ಮೊದಲು ಅದನ್ನು ಕುಡಿಯಿರಿ, ಯೋಚನೆ ಆಮೇಲೆ. ಕಾಲು ಜೋಮು ಹಿಡಿಯುವವರು ಬರಿಗಾಲಲ್ಲಿ ಆಡಲೇಬಾರದು, ಕ್ಯಾನ್ವಾಸ್ ಶೂ ಹಾಕಿಕೊಳ್ಳಿ. ಈಚೆಗೆ ಹೃದಯಾಘಾತ ಆದವರು, ನಡೆದರೆ ಎದೆ ಹಿಡಿದಂತಾಗುವವರು, ರಕ್ತದೊತ್ತಡ ಹತೋಟಿಗೆ ಬರದವರು ಮೊದಲು ತಮ್ಮ ವೈದ್ಯರನ್ನು ಕೇಳಬೇಕು. ಪೇಸ್‌ಮೇಕರ್ ಇರುವವರು ಕೇಳದೆ ಹೆಡ್‌ಸೆಟ್ ಮುಟ್ಟಲೂಬೇಡಿ, ಇಂಥ ಸಾಧನಗಳಲ್ಲಿ ಅಯಸ್ಕಾಂತಗಳಿರುತ್ತವೆ. ಆಡುವಾಗ ಎದೆಯಲ್ಲಿ ಬಿಗಿತ ಬಂದರೆ ಅದು ಭುಜದ ನೋವೇ ಇರಬೇಕೆಂದು ನೀವೇ ತೀರ್ಮಾನಿಸಬೇಡಿ.

ನಿಂತ ಎತ್ತರದಿಂದ ಬಿದ್ದು ಮಣಿಕಟ್ಟು ಮುರಿದರೆ ಮೂಳೆ ಟೊಳ್ಳಾಗಿದೆಯೇ ಎಂದೂ ನೋಡಬೇಕು. ಮೇಷ್ಟ್ರ ಮೂಳೆಯ ಸಾಂದ್ರತೆ ಪರೀಕ್ಷಿಸಿದಾಗ ಅಂಚಿನಲ್ಲಿತ್ತು, ಡಿ ಜೀವಸತ್ವ ಕಡಿಮೆ ಇತ್ತು. ಗಂಡಸರಿಗೆ ಇದೆಲ್ಲ ಬರುವುದಿಲ್ಲ ಎಂಬ ನಂಬಿಕೆ ಅವರದೂ ಆಗಿತ್ತು.

ನಾನು ಕೊಟ್ಟ ಉತ್ತರ

ಮುರಿತದ ವಿಷಯ ಬಿಟ್ಟರೆ ಅವರ ಫೈಲಿನಲ್ಲಿ ಇನ್ನೊಂದು ಅಂಶವಿತ್ತು. ಆಟ ಶುರು ಮಾಡುವ ಮುಂಚೆ ಮೂರು ತಿಂಗಳ ಸರಾಸರಿ ಸಕ್ಕರೆ 8.4 ಇದ್ದದ್ದು ಐದು ತಿಂಗಳಲ್ಲಿ 7.6ಕ್ಕೆ ಇಳಿದಿತ್ತು. ಭಾನುವಾರ ಮಗನನ್ನು ಸೋಲಿಸಬೇಕೆಂದು ವಾರದಲ್ಲಿ ನಾಲ್ಕು ದಿನ ಅಭ್ಯಾಸ ಮಾಡುತ್ತಿದ್ದರಂತೆ. ಸಂಜೆಯ ಬೋಂಡಾ ಬಿಟ್ಟದ್ದೂ ಅದೇ ಸಮಯದಲ್ಲಿ. ಆದ್ದರಿಂದ ಯಶಸ್ಸನ್ನು ಪೂರ್ತಿ ಹೆಡ್‌ಸೆಟ್‌ಗೆ ಕೊಡಲಾರೆ. ಆದರೆ ಒಂಬತ್ತು ವರ್ಷ ನಾನು "ವಾಕಿಂಗ್ ಹೋಗಿ" ಎಂದು ಹೇಳಿ ಸೋತದ್ದನ್ನು ಮಗ ಒಂದು ಡಬ್ಬಾದಿಂದ ಮಾಡಿಸಿದ್ದು ಸುಳ್ಳಲ್ಲ.

ಬೀಗ ಬೇಡ ಅಮ್ಮಾ ಎಂದೆ. ಪ್ಲಾಸ್ಟರ್ ತೆಗೆದು, ಮಣಿಕಟ್ಟಿನ ವ್ಯಾಯಾಮ ಮುಗಿದು, ತಜ್ಞರು ಸರಿ ಎನ್ನುವ ತನಕ ಆಟವಿಲ್ಲ. "ಬಲಗೈ ಚೆನ್ನಾಗೇ ಇದೆಯಲ್ಲ" ಎಂದರು ಮೇಷ್ಟ್ರು. ಒಪ್ಪಲಿಲ್ಲ. ಪ್ಲಾಸ್ಟರ್ ಹಾಕಿದ ಕೈಯಿಂದ ತೂಕ ತಪ್ಪಿ ಮತ್ತೆ ಬಿದ್ದರೆ? ಆಮೇಲೆ ಆಡುವುದಾದರೆ ಹಾಲ್ ಹೇಗಿರಬೇಕು ಎಂದು ಅವರ ಮನೆಯಲ್ಲೇ ನಿಂತು ತೋರಿಸಿದೆ. ಕನಿಷ್ಠ ಎರಡು ಮೀಟರ್ ಉದ್ದ, ಎರಡು ಮೀಟರ್ ಅಗಲ ಖಾಲಿ ಜಾಗ. ಟೀಪಾಯಿ, ದಿವಾನದ ಚೂಪು ಮೂಲೆ, ಮೊಮ್ಮಕ್ಕಳ ಸೈಕಲ್ಲು ಆಚೆ. ಎಲ್ಲಕ್ಕಿಂತ ಮುಖ್ಯವಾಗಿ ಸೀಲಿಂಗ್ ಫ್ಯಾನ್ ಬಂದ್, ನಿಲ್ಲುವ ಜಾಗ ಅದರ ಕೆಳಗೆ ಬೇಡ. ಎತ್ತರದ ಮನುಷ್ಯ ಸ್ಮ್ಯಾಶ್ ಹೊಡೆದರೆ ರೆಕ್ಕೆ ಎಟುಕುತ್ತದೆ. ನೆಲ ಒರೆಸಿದ ಕೂಡಲೇ ಆಟವಿಲ್ಲ. ಮಧ್ಯದಲ್ಲಿ ಜಾರದ ಚಿಕ್ಕ ರಬ್ಬರ್ ಚಾಪೆ ಹಾಕಿ, ಪಾದ ಅದರಿಂದ ಹೊರಗೆ ಹೋದದ್ದು ಶೂ ಹಾಕಿದ್ದರೂ ತಿಳಿಯುತ್ತದೆ. ಆಟ ನಡೆಯುವಾಗ ಯಾರೂ ಹಿಂದಿನಿಂದ ಕಾಫಿ ಲೋಟ ಹಿಡಿದು ಬರಬಾರದು, ಆದರೆ ಮನೆಯಲ್ಲಿ ಒಬ್ಬರು ಎಚ್ಚರ ಇರಬೇಕು. ಮೇಜಿನ ವಿಷಯಕ್ಕೆ ಉಪಾಯ ಆಕೆಯೇ ಹೇಳಿದರು: ಎಡಗೈಯನ್ನು ಸೊಂಟದ ಹಿಂದೆ ಇಟ್ಟುಕೊಂಡು ಆಡುವುದು. ಸಮತೋಲನಕ್ಕೆ ಕೈ ಬಿಡುವಾಗಿರಬೇಕು ಎಂದು ನಾನು ತಿದ್ದಿದೆ. ಕೊನೆಗೆ ಒಪ್ಪಂದವಾದದ್ದು, ನೆಟ್ ಹತ್ತಿರದ ಚೆಂಡುಗಳನ್ನು ಮಗನಿಗೆ ಬಿಟ್ಟುಕೊಡುವುದು ಎಂದು. ಮೇಷ್ಟ್ರಿಗೆ ಇದೇ ಕಷ್ಟವಾಯಿತು.

ಇದನ್ನು ಓದಿ ಯಾರೂ ಹೆಡ್‌ಸೆಟ್ ಕೊಳ್ಳಲು ಓಡಬೇಕಾಗಿಲ್ಲ. ಒಳ್ಳೆಯ ಸ್ಮಾರ್ಟ್‌ಫೋನಿನಷ್ಟು ಬೆಲೆಯ ವಸ್ತು. ಹತ್ತಿರ ಕೋರ್ಟು ಇದ್ದು, ಹೋಗಲು ಕಾಲು ಇದ್ದು, ಕರೆಯಲು ಗೆಳೆಯರಿದ್ದರೆ ಅದೇ ಮೇಲು. ಮನೆಗೆ ಬಂದುಬಿಟ್ಟಿದ್ದರೆ ಮಾತ್ರ ಅದನ್ನು ಆಟದ ಸಾಮಾನು ಎಂದು ಹಗುರವಾಗಿ ನೋಡಬೇಡಿ.

ಈಗ ಮೇಷ್ಟ್ರ ಭಾನುವಾರದ ಆಟ ಒಂಬತ್ತೂವರೆಗೆ, ಇಡ್ಲಿ ತಿಂದು ಒಂದು ಗಂಟೆಯ ಮೇಲೆ. ಡಲ್ಲಾಸ್‌ನ ಮಗ ಅಷ್ಟು ಹೊತ್ತು ಎದ್ದಿರುತ್ತಾನೆ. ಕಳೆದ ವಾರ ದಂಪತಿ ಬಿಪಿ ತೋರಿಸಲು ಬಂದಿದ್ದರು. ಮೇಷ್ಟ್ರ ಮಣಿಕಟ್ಟು ಚೆನ್ನಾಗಿ ತಿರುಗುತ್ತಿದೆ. ಆದರೆ ಪಟ್ಟಿ ಕಟ್ಟಲು ತೋಳು ಚಾಚಿ ಎಂದಾಗ ಆಕೆ ಬಲ ಭುಜ ಒತ್ತಿಕೊಂಡು ಮುಖ ಕಿವಿಚಿದರು.

"ಏನಾಯ್ತಮ್ಮಾ?"

"ಏನಿಲ್ಲ ಡಾಕ್ಟ್ರೇ, ಬಟ್ಟೆ ಒಗೆದದ್ದು ಸ್ವಲ್ಪ ಜಾಸ್ತಿ ಆಯ್ತು."

"ಮನೇಲಿ ವಾಷಿಂಗ್ ಮೆಷಿನ್ ಇದೆ" ಎಂದರು ಹಿಂದೆ ನಿಂತಿದ್ದ ಮೇಷ್ಟ್ರು.